ವೇಷ ಕಳಚುವ ಅಧಿಕಾರ: ಚಿತ್ರನಟಿಯ ನಿವೃತ್ತಿಯನ್ನು ಕುರಿತು ಒಂದು ವಿಚಾರ

ಲೋಕವ್ಯವಹಾರದಲ್ಲಿ ತೊಡಗುವುದನ್ನು ಪ್ರವೃತ್ತಿಯೆಂದೂ ಅದರಿಂದ ಹಿಂದೆ ಸರಿಯುವುದನ್ನು ನಿವೃತ್ತಿಯೆಂದೂ ಭಾರತೀಯ ದರ್ಶನಗಳು ಬಹು ಹಿಂದೆಯೇ ವಿಂಗಡಿಸಿವೆ. ಆದರೆ ಈ ವಿಂಗಡಣೆಯನ್ನು ಮಾಡಿದ ಶಾಸ್ತ್ರಕಾರರ ಕಣ್ಣಮುಂದೆ ಇದ್ದವರು ಗೃಹಸ್ಥರು, ರಾಜರು, ವರ್ತಕರು, ಪುರೋಹಿತರು. ರಾಜನೊಬ್ಬ ಪಟ್ಟವನ್ನು ಮಗನಿಗೆ ಒಪ್ಪಿಸಿ ಕಾಡಿಗೆ ನಡೆದರೆ ಅವನ ರಾಜತ್ವ ಅಲ್ಲಿಗೆ ಮುಗಿಯುತ್ತದೆ, ವರ್ತಕ ಅಂಗಡಿ ಮುಚ್ಚಿ ಕಾಶಿಗೆ ಹೊರಟರೆ ಅವನ ತಕ್ಕಡಿ ತಾನಾಗಿ ತೂಗುತ್ತ ಕೂರುವುದಿಲ್ಲ. ಚಲನಚಿತ್ರದ ನಟಿಯ ಸ್ಥಿತಿ ಇದಕ್ಕಿಂತ ಬೇರೆ: ಆಕೆ ಬಣ್ಣ ತೊಳೆದು, ಸ್ಟುಡಿಯೋದ ಬಾಗಿಲು ದಾಟಿ, ಊರನ್ನೇ ಬಿಟ್ಟು ಹೋದ ಮೇಲೂ ಆಕೆಯ ಮುಖ, ದನಿ, ನಗು, ಅಳು ಎಲ್ಲವೂ ಎಲ್ಲೋ ಒಂದು ಪರದೆಯ ಮೇಲೆ ಆಕೆಯ ಅಪ್ಪಣೆಯಿಲ್ಲದೆ ನಡೆಯುತ್ತಲೇ ಇರುತ್ತವೆ. ಹಾಗಿದ್ದ ಮೇಲೆ ಚಿತ್ರನಟಿಗೆ ನಿವೃತ್ತಿಯೆಂಬುದು ಉಂಟೆ, ಉಂಟಾದರೆ ಅದು ಯಾವುದರಿಂದ ನಿವೃತ್ತಿ, ಆ ನಿವೃತ್ತಿಯ ಬೆಲೆಯನ್ನು ಅಳೆಯುವುದು ಯಾವುದರಿಂದ ಎಂಬ ಪ್ರಶ್ನೆಗಳನ್ನು ಈ ಲೇಖನ ಎತ್ತಿಕೊಳ್ಳುತ್ತದೆ.

ಈ ಪ್ರಶ್ನೆಗಳಿಗೆ ಬೆಂಗಳೂರಿನ ಹೊರವಲಯದಲ್ಲೇ ಎರಡು ಜೀವಂತ ನಿದರ್ಶನಗಳು ದೊರೆಯುತ್ತವೆ. ಹೊಸೂರು ರಸ್ತೆಯ ಎಲೆಕ್ಟ್ರಾನಿಕ್ ಸಿಟಿಯ ಬಳಿಯಿಂದ ಹೊರಟು ನಗರವನ್ನು ದಕ್ಷಿಣ ಮತ್ತು ಪಶ್ಚಿಮಗಳಲ್ಲಿ ಬಳಸಿ ಪೀಣ್ಯದ ಆಚೆ ತುಮಕೂರು ರಸ್ತೆಯನ್ನು ಸೇರುವ ನೈಸ್ ರಸ್ತೆಯು ನಡುವೆ ಕನಕಪುರ ರಸ್ತೆಯನ್ನು ಹಾಯುವಲ್ಲಿಂದ ತುಸು ಹೊರಕ್ಕೆ ತಾತಗುಣಿ ಎಂಬ ಊರಿದೆ. ಭಾರತೀಯ ಚಿತ್ರರಂಗದ ಮೊದಲ ಮಹಾತಾರೆಯೆಂದು ಹೆಸರಾದ ದೇವಿಕಾ ರಾಣಿಯವರು ಚಿತ್ರಗಳನ್ನು ತೊರೆದ ಮೇಲಿನ ಬದುಕಿನ ಬಹುಭಾಗವನ್ನು ಕಳೆದದ್ದು ಅಲ್ಲಿನ ತೋಟದಲ್ಲಿ. ಅದೇ ರಸ್ತೆ ತುಮಕೂರು ಹೆದ್ದಾರಿಯಲ್ಲಿ ಕೊನೆಗೊಂಡ ಮೇಲೆ ಇನ್ನೂ ಮುಂದೆ ನೆಲಮಂಗಲ ತಾಲ್ಲೂಕಿನ ಸೋಲದೇವನಹಳ್ಳಿಯಿದೆ. ಕನ್ನಡದ ಹಿರಿಯ ನಟಿ ಲೀಲಾವತಿಯವರು ತಮ್ಮ ಕೊನೆಯ ದಶಕಗಳನ್ನು ಬೇಸಾಯ ಮಾಡಿಕೊಂಡು ಕಳೆದದ್ದು ಅಲ್ಲಿ. ಇವರ ಜೊತೆಗೆ ಮೂರನೆಯವರಾಗಿ ಫ್ರಾನ್ಸಿನ ಬ್ರಿಜಿತ್ ಬಾರ್ದೋ ಅವರನ್ನು ಇಟ್ಟು ನೋಡುವುದು ಉಚಿತ, ಏಕೆಂದರೆ ನಟಿಯೊಬ್ಬರ ತ್ಯಾಗವು ಯುರೋಪಿನಲ್ಲಿ ಅಷ್ಟು ಪ್ರಸಿದ್ಧವಾದ ಇನ್ನೊಂದು ಉದಾಹರಣೆ ಸಿಗುವುದು ಕಷ್ಟ, ಮತ್ತು ನಟನೆಯ ಸ್ವರೂಪವನ್ನು ಕುರಿತು ಫ್ರೆಂಚ್ ಚಿಂತಕರು ಮಾಡಿದಷ್ಟು ಚರ್ಚೆಯನ್ನು ಪಶ್ಚಿಮದಲ್ಲಿ ಬೇರೆಯವರು ಮಾಡಿದ್ದು ಕಡಿಮೆ.

ಧರ್ಮವು ನಟನನ್ನು ಕಂಡ ಬಗೆ

ಬಹುತೇಕ ಧರ್ಮವ್ಯವಸ್ಥೆಗಳು ನಟರನ್ನು ಅನುಮಾನದಿಂದ ನೋಡಿವೆ. ಮನುಸ್ಮೃತಿಯು ಯಾರ ಅನ್ನವನ್ನು ಉಣ್ಣಬಾರದೆಂದು ಪಟ್ಟಿ ಕೊಡುವಾಗ ಶೈಲೂಷನನ್ನು, ಎಂದರೆ ನಟನನ್ನು, ಅದರಲ್ಲಿ ಸೇರಿಸುತ್ತದೆ. ನ್ಯಾಯಸಭೆಯಲ್ಲಿ ಸಾಕ್ಷಿಯಾಗಲು ತಕ್ಕವರಲ್ಲದವರ ಸಾಲಿನಲ್ಲಿ ಕುಶೀಲವನನ್ನು, ಎಂದರೆ ಆಡಿ ಹಾಡುವ ವೃತ್ತಿಯವನನ್ನು, ನಿಲ್ಲಿಸುತ್ತದೆ. ಕ್ರೈಸ್ತ ಫ್ರಾನ್ಸಿನಲ್ಲಿ ನಟರಿಗೆ ಚರ್ಚಿನಿಂದ ಬಹಿಷ್ಕಾರವಿತ್ತು, ವೃತ್ತಿಯನ್ನು ತ್ಯಜಿಸುವುದಾಗಿ ಮಾತು ಕೊಟ್ಟ ಹೊರತು ಸಾಯುವಾಗ ಧಾರ್ಮಿಕ ಸಂಸ್ಕಾರ ದೊರೆಯುತ್ತಿರಲಿಲ್ಲ. 1673ರಲ್ಲಿ ಮೋಲಿಯೇರ್ ತೀರಿಕೊಂಡಾಗ ಅವನ ಶವವನ್ನು ರಾತ್ರಿಯ ಹೊತ್ತು ಆಡಂಬರವಿಲ್ಲದೆ ಮಣ್ಣು ಮಾಡಬೇಕಾಯಿತು. 1730ರಲ್ಲಿ ಪ್ಯಾರಿಸಿನ ಪ್ರಖ್ಯಾತ ನಟಿ ಅಡ್ರಿಯೆನ್ ಲೆಕುವ್ರರ್ ನಿಧನರಾದಾಗ ಅಷ್ಟೂ ಆಗದೆ, ಚರ್ಚಿನ ನೆಲದಲ್ಲಿ ಜಾಗ ನಿರಾಕರಿಸಿದ್ದರಿಂದ ಗುಟ್ಟಾಗಿ ಹೂಳಿದರು, ವೋಲ್ಟೇರ್ ಅದನ್ನು ಖಂಡಿಸಿ ಕವಿತೆ ಬರೆದ. ಫ್ರೆಂಚ್ ಕ್ರಾಂತಿಯ ರಾಷ್ಟ್ರೀಯ ಸಭೆಯು 1789ರ ಡಿಸೆಂಬರಿನಲ್ಲಿ ನಟರಿಗೂ ಪೌರಹಕ್ಕುಗಳು ಸಲ್ಲುತ್ತವೆಯೆಂದು ತೀರ್ಮಾನಿಸುವವರೆಗೆ ಅವರು ಅರ್ಧ ನಾಗರಿಕರಾಗಿಯೇ ಉಳಿದಿದ್ದರು.

ಎರಡು ದೂರದ ಸಮಾಜಗಳು ಒಂದೇ ಅನುಮಾನಕ್ಕೆ ಬಂದದ್ದರ ಹಿಂದೆ ಒಂದೇ ಬಗೆಯ ಭಯವಿದೆ. ಯಾರು ಯಾವ ಸ್ಥಾನದಲ್ಲಿ ಹುಟ್ಟಿದನೋ ಆ ಸ್ಥಾನಕ್ಕೆ ತಕ್ಕ ನಡೆಯೇ ಧರ್ಮ ಎಂದು ನಂಬಿದ ವ್ಯವಸ್ಥೆಗೆ, ಇವತ್ತು ರಾಜನಾಗಿ ನಾಳೆ ಭಿಕ್ಷುಕನಾಗಿ ನಿಲ್ಲಬಲ್ಲವನು ಸ್ಥಾನಗಳೆಲ್ಲವೂ ತೊಡುವ ಬಟ್ಟೆಗಳಿರಬಹುದೆಂಬ ಗುಟ್ಟನ್ನು ಬಯಲುಮಾಡುವ ಅಪಾಯಕಾರಿಯಾಗಿ ಕಾಣುತ್ತಾನೆ. ಅದ್ವೈತಿಗಳು ಇದೇ ಗುಟ್ಟನ್ನು ತಾತ್ವಿಕ ಸತ್ಯವೆಂದು ಒಪ್ಪಿ, ನಾಮರೂಪಗಳನ್ನು ವೇಷವೆಂದೂ ಆತ್ಮನನ್ನು ವೇಷಗಳ ಹಿಂದಿರುವ ಒಬ್ಬನೆಂದೂ ಹೇಳಿದರು. ಆದರೆ ಆ ಸತ್ಯವನ್ನು ಹೊಟ್ಟೆಪಾಡಿಗಾಗಿ ಬೀದಿಯಲ್ಲಿ ಆಡಿ ತೋರಿಸುವವನ ಮನೆಯ ಅನ್ನ ಮಾತ್ರ ನಿಷಿದ್ಧವಾಗಿಯೇ ಉಳಿಯಿತು. ನಟನೆಯನ್ನು ಉಪಮೆಯಾಗಿ ಗೌರವಿಸಿ ನಟನನ್ನು ಮನುಷ್ಯನಾಗಿ ದೂರವಿಟ್ಟ ಈ ಇಬ್ಬಂದಿತನವನ್ನು ನೆನಪಿನಲ್ಲಿಟ್ಟುಕೊಂಡೇ ಮುಂದಿನ ವಿಚಾರಕ್ಕೆ ಹೋಗಬೇಕು.

ಭಾವ ಯಾರದು

ನಟಿ ಅತ್ತಾಗ ದುಃಖಿಸುವವರು ಯಾರು ಎಂಬ ಪ್ರಶ್ನೆಯನ್ನು ಕಾಶ್ಮೀರದ ಆಲಂಕಾರಿಕರು ಬಹಳ ಸೂಕ್ಷ್ಮವಾಗಿ ಚರ್ಚಿಸಿದ್ದಾರೆ. ಭರತನ ನಾಟ್ಯಶಾಸ್ತ್ರದ ರಸಸೂತ್ರಕ್ಕೆ ವ್ಯಾಖ್ಯಾನ ಮಾಡುತ್ತ ಭಟ್ಟ ಲೊಲ್ಲಟನು ರಸವು ಮುಖ್ಯವಾಗಿ ಪಾತ್ರದಲ್ಲಿದ್ದು ಅನುಸಂಧಾನದ ಬಲದಿಂದ ನಟನಲ್ಲಿಯೂ ಇರುತ್ತದೆಂದ. ಶಂಕುಕನು ನಟನಲ್ಲಿ ಇರುವುದು ಅನುಕರಣವೆಂದೂ ಪ್ರೇಕ್ಷಕನು ಅದರಿಂದ ಭಾವವನ್ನು ಊಹಿಸಿಕೊಳ್ಳುತ್ತಾನೆಂದೂ ಹೇಳಿದ. ಅಭಿನವಗುಪ್ತನು ಈ ಇಬ್ಬರನ್ನೂ ದಾಟಿ, ರಸದ ನೆಲೆ ಸಹೃದಯನಲ್ಲಿ, ಎಂದರೆ ತನ್ನ ಖಾಸಗಿ ಹಿತಾಹಿತಗಳನ್ನು ಬದಿಗಿಟ್ಟು ನೋಡಬಲ್ಲ ಪ್ರೇಕ್ಷಕನಲ್ಲಿ ಎಂದು ನಿರ್ಣಯಿಸಿದ. ಪಾನಕವನ್ನು ಹಿಡಿದಿಟ್ಟ ಪಾತ್ರೆಗೆ ಅದರ ರುಚಿ ತಿಳಿಯದಿರುವಂತೆ ನಟನು ರಸದ ವಾಹಕನೇ ಹೊರತು ಭೋಕ್ತನಲ್ಲವೆಂಬ ನಿಲುವು ಇದರಿಂದ ಹೊರಟಿತು.

ಫ್ರಾನ್ಸಿನಲ್ಲಿ ದೆನಿ ದಿದೆರೋ 1770ರ ದಶಕದಲ್ಲಿ ಬರೆದು, ಅವನು ಸತ್ತು ಬಹುಕಾಲದ ಮೇಲೆ 1830ರಲ್ಲಿ ಅಚ್ಚಾದ ನಟನ ವಿರೋಧಾಭಾಸವನ್ನು ಕುರಿತ ಸಂವಾದವು ಬೇರೆ ದಾರಿಯಿಂದ ಇದೇ ತಾಣದ ಹತ್ತಿರಕ್ಕೆ ಬರುತ್ತದೆ. ಆ ಕಾಲದ ಇಬ್ಬರು ನಟಿಯರನ್ನು ಅವನು ಎದುರುಬದುರು ನಿಲ್ಲಿಸುತ್ತಾನೆ: ಭಾವಾವೇಶದಲ್ಲಿ ಮುಳುಗಿ ಆಡುವ, ಅದರಿಂದಾಗಿ ಒಂದು ದಿನ ಅದ್ಭುತವಾಗಿಯೂ ಮತ್ತೊಂದು ದಿನ ಸಪ್ಪೆಯಾಗಿಯೂ ಕಾಣುವ ದ್ಯುಮೆನಿಲ್, ಮೊದಲೇ ಮನಸ್ಸಿನಲ್ಲಿ ಒಂದು ಮಾದರಿಯನ್ನು ಕಟ್ಟಿಕೊಂಡು ಅಭ್ಯಾಸದಿಂದ ಅದನ್ನು ದಿನದಿನವೂ ಒಂದೇ ಮಟ್ಟದಲ್ಲಿ ಮೂಡಿಸುವ ಕ್ಲೆರೋನ್. ಪ್ರೇಕ್ಷಕರ ಕಣ್ಣು ತುಂಬಿಸಬೇಕಾದ ಕಲಾವಿದೆಯ ಒಳಗು ತಣ್ಣಗಿರಬೇಕೆಂಬುದೇ ಅವನ ವಿರೋಧಾಭಾಸದ ತಿರುಳು. ಈ ಮಾತನ್ನು ಒಪ್ಪಿದರೆ ನಟಿಯು ಆಡುತ್ತಿರುವಾಗಲೇ ಒಂದು ಬಗೆಯ ನಿವೃತ್ತಿಯಲ್ಲಿರುತ್ತಾಳೆ, ಆದ್ದರಿಂದ ವೃತ್ತಿಯನ್ನು ಬಿಟ್ಟು ಹೋಗುವುದು ಆಕೆಗೆ ಆಧ್ಯಾತ್ಮಿಕವಾಗಿ ಅಗತ್ಯವೇ ಇಲ್ಲ. ಆದರೆ ಅಭಿನವಗುಪ್ತ, ದಿದೆರೋ ಇಬ್ಬರ ಎದುರಿಗೂ ಇದ್ದದ್ದು ರಂಗಭೂಮಿ. ಅಲ್ಲಿ ಆಟ ಮುಗಿದರೆ ಮುಗಿಯಿತು, ತೆರೆಯ ಹಿಂದೆ ಸರಿದ ನಟಿಯ ಜೊತೆಗೆ ಪಾತ್ರವೂ ಸರಿಯುತ್ತಿತ್ತು.

ತಾತಗುಣಿಯ ವಾನಪ್ರಸ್ಥ

ದೇವಿಕಾ ರಾಣಿಯವರು ಹುಟ್ಟಿದ್ದು 1908ರಲ್ಲಿ, ಇಂದಿನ ವಿಶಾಖಪಟ್ಟಣದ ಭಾಗವಾದ ವಾಲ್ಟೇರಿನಲ್ಲಿ. ಟಾಗೋರರ ಮನೆತನದೊಂದಿಗೆ ನಂಟಿದ್ದ ಬಂಗಾಳಿ ಕುಟುಂಬದ ಈ ಹುಡುಗಿ ಎಳವೆಯಲ್ಲೇ ಇಂಗ್ಲೆಂಡಿಗೆ ಓದಲು ಹೋಗಿ, ಅಲ್ಲಿ ಹಿಮಾಂಶು ರಾಯ್ ಅವರನ್ನು ಭೇಟಿಯಾಗಿ, 1929ರಲ್ಲಿ ಅವರನ್ನು ಮದುವೆಯಾದರು. 1933ರ 'ಕರ್ಮ' ಚಿತ್ರದಿಂದ ನಟಿಯಾದ ಅವರು ಮರುವರ್ಷ ಮುಂಬಯಿಯ ಮಲಾಡಿನಲ್ಲಿ ಪತಿಯೊಡನೆ ಬಾಂಬೆ ಟಾಕೀಸ್ ಕಟ್ಟಿದರು. 1940ರಲ್ಲಿ ಹಿಮಾಂಶು ರಾಯ್ ತೀರಿಕೊಂಡಾಗ ಆ ದೊಡ್ಡ ಸಂಸ್ಥೆಯ ಹೊಣೆಯನ್ನೂ ಹೊತ್ತರು. 1943ರ 'ಹಮಾರಿ ಬಾತ್' ಅವರ ಕೊನೆಯ ಚಿತ್ರ. 1945ರಲ್ಲಿ, ಮೂವತ್ತೇಳರ ವಯಸ್ಸಿನಲ್ಲಿ, ರಷ್ಯನ್ ಚಿತ್ರಕಾರ ಸ್ವೆತೊಸ್ಲಾವ್ ರೋರಿಚ್ ಅವರನ್ನು ಮದುವೆಯಾಗಿ ಚಿತ್ರರಂಗವನ್ನು ಬಿಟ್ಟರು. ಮೊದಲು ಕುಲು ಕಣಿವೆಯಲ್ಲಿ, ಆಮೇಲೆ ಬೆಂಗಳೂರಿನಲ್ಲಿ ನೆಲೆಸಿದರು. ಮತ್ತೆ ಕ್ಯಾಮರಾದ ಮುಂದೆ ನಟಿಯಾಗಿ ನಿಲ್ಲಲಿಲ್ಲ. ದಾದಾಸಾಹೇಬ್ ಫಾಲ್ಕೆ ಪ್ರಶಸ್ತಿ 1969ರ ಸಾಲಿನಲ್ಲಿ ಆರಂಭವಾದಾಗ ಅದರ ಮೊದಲ ಗೌರವ ಅವರಿಗೆ ಸಂದದ್ದು ಬಿಟ್ಟು ಬಂದ ಇಪ್ಪತ್ತು ವರ್ಷಗಳಿಗೂ ಮೇಲೆ.

ರೋರಿಚ್ ಕುಟುಂಬ ತಾತ್ವಿಕ ಆಸಕ್ತಿಗಳಿಂದಲೇ ಹೆಸರಾದದ್ದು. ಸ್ವೆತೊಸ್ಲಾವ್ ಅವರ ತಂದೆತಾಯಿಯಾದ ನಿಕೊಲಾಯ್ ಮತ್ತು ಹೆಲೆನಾ ರೋರಿಚ್ ರೂಪಿಸಿದ ಅಗ್ನಿಯೋಗವು ಪೂರ್ವದ ಯೋಗಕಲ್ಪನೆಗಳನ್ನು ಥಿಯಾಸಫಿಯ ಚೌಕಟ್ಟಿನಲ್ಲಿ ಎತ್ತಿಕೊಂಡು, ಸಾಧನೆಯನ್ನು ಗುಹೆಗಳಿಂದ ತಂದು ದಿನನಿತ್ಯದ ಕೆಲಸದಲ್ಲಿ ನೆಲೆಗೊಳಿಸಬೇಕೆಂದು ಬೋಧಿಸುತ್ತದೆ. ತಾತಗುಣಿಯ ಬದುಕಿನಲ್ಲಿ ಚಿತ್ರಕಲೆಯ ಜೊತೆಗೆ ಬೇಸಾಯವೂ ಇತ್ತು. ಮೆಕ್ಸಿಕೋ ಮೂಲದ ಲಿನಲೋ ಮರಗಳನ್ನು ಅಲ್ಲಿ ಬೆಳೆಸಿದ್ದರು. ಅದರ ಕಾಯಿಯ ಹೊಟ್ಟನ್ನು ಭಟ್ಟಿಗೆ ಹಾಕಿ ಆವಿಯಿಂದ ಇಳಿಸುವ ಎಣ್ಣೆ ಅತ್ತರು, ಸಾಬೂನುಗಳಿಗೆ ಒದಗುತ್ತದೆ. ಹೊರನೋಟಕ್ಕೆ ಇದು ವಾನಪ್ರಸ್ಥದ, ಎಂದರೆ ಗೃಹಸ್ಥಜೀವನದ ಹೊಣೆಗಳನ್ನು ಇಳಿಸಿ ವನಕ್ಕೆ ಸರಿಯುವ ಮೂರನೆಯ ಆಶ್ರಮದ, ಆಧುನಿಕ ರೂಪದಂತೆಯೇ ಕಾಣುತ್ತದೆ.

ಆದರೆ ಈ ವನಕ್ಕೆ ಪಹಣಿಯಿತ್ತು. ಸುಮಾರು 470 ಎಕರೆಯ ಆ ಆಸ್ತಿ ದಂಪತಿಯ ಇಳಿವಯಸ್ಸಿನಲ್ಲೇ ವ್ಯಾಜ್ಯಕ್ಕೆ ಸಿಕ್ಕಿತು. 1993ರ ಜನವರಿಯಲ್ಲಿ ಸ್ವೆತೊಸ್ಲಾವ್, 1994ರ ಮಾರ್ಚಿನಲ್ಲಿ ದೇವಿಕಾ ರಾಣಿ ಮಕ್ಕಳಿಲ್ಲದೆ ತೀರಿಕೊಂಡರು. ತೋಟವನ್ನೂ ಕಲಾಕೃತಿಗಳನ್ನೂ ಉಳಿಸಿಕೊಳ್ಳಲು ರಾಜ್ಯ ಸರ್ಕಾರ 1996ರಲ್ಲಿ ಪ್ರತ್ಯೇಕ ಸ್ವಾಧೀನ ಕಾಯ್ದೆಯನ್ನೇ ಮಾಡಬೇಕಾಯಿತು, ಅದನ್ನು ಪ್ರಶ್ನಿಸಿದ ಮೊಕದ್ದಮೆ ಸುಪ್ರೀಂ ಕೋರ್ಟಿನ ಸಂವಿಧಾನ ಪೀಠದವರೆಗೆ ಹೋಗಿ, 2011ರ ಆಗಸ್ಟಿನಲ್ಲಿ ಕಾಯ್ದೆ ಊರ್ಜಿತವೆಂಬ ತೀರ್ಪು ಬಂತು. ಆಸ್ತಿಯ ಹಕ್ಕಿನ ಸ್ವರೂಪವನ್ನು ವಿವರಿಸುವ ತೀರ್ಪಾಗಿ ಕಾನೂನು ವಿದ್ಯಾರ್ಥಿಗಳು ಇಂದು ಅದನ್ನು ಓದುತ್ತಾರೆ. ಲೋಕದಿಂದ ದೂರ ಸರಿಯುವುದಕ್ಕೂ ಲೋಕದಲ್ಲಿ ಒಂದಿಷ್ಟು ನೆಲ ಬೇಕು, ನೆಲವಿದ್ದಲ್ಲಿ ಲೋಕ ಹಿಂಬಾಲಿಸಿಯೇ ಬರುತ್ತದೆ ಎಂಬ ಮಾತಿಗೆ ಎಕರೆಯೊಂದರ ಬೆಲೆ ಏರುತ್ತಲೇ ಹೋದ ಬೆಂಗಳೂರಿನ ಅಂಚಿಗಿಂತ ಒಳ್ಳೆಯ ಪುರಾವೆ ಬೇಕಿಲ್ಲ.

ಹಿಂದೆ ಸರಿಯದ ನರ್ತಕಿ

ಸಾಂಖ್ಯದರ್ಶನದಲ್ಲಿ ಪುರುಷನೆಂದರೆ ನೋಡುವ ಚೈತನ್ಯ, ಪ್ರಕೃತಿಯೆಂದರೆ ಕಾಣಿಸಿಕೊಳ್ಳುವ ಜಗತ್ತು. ಈಶ್ವರಕೃಷ್ಣನ ಸಾಂಖ್ಯಕಾರಿಕೆಯು ಇವರಿಬ್ಬರ ಸಂಬಂಧವನ್ನು ರಂಗದ ಮೂಲಕ ವಿವರಿಸುತ್ತದೆ: ನರ್ತಕಿಯು ಸಭೆಗೆ ನೃತ್ಯವನ್ನು ತೋರಿಸಿ ನಿಲ್ಲಿಸುವಂತೆ ಪ್ರಕೃತಿಯು ಪುರುಷನಿಗೆ ತನ್ನನ್ನು ತೋರಿಸಿಕೊಂಡು ಹಿಂದೆ ಸರಿಯುತ್ತದೆ, ಒಮ್ಮೆ ಪೂರ್ತಿಯಾಗಿ ಕಂಡ ಮೇಲೆ ಅವಳಷ್ಟು ಲಜ್ಜಾವತಿ ಬೇರೊಬ್ಬಳಿಲ್ಲದ ಕಾರಣ ಮತ್ತೆ ಅವನ ಕಣ್ಣಿಗೆ ಬೀಳುವುದಿಲ್ಲ. ಮೋಕ್ಷವೆಂದರೆ ಆಟ ಮುಗಿಯುವುದು. ಮುಗಿಸುವವಳು ನರ್ತಕಿ, ನೋಡುವವನು ಸುಮ್ಮನಿದ್ದವನು ಸುಮ್ಮನೇ ಇರುತ್ತಾನೆ.

ಚಲನಚಿತ್ರವು ಈ ಚಿತ್ರಣವನ್ನು ಬುಡಮೇಲು ಮಾಡಿತು. ನರ್ತಕಿ ರಂಗದಿಂದ ಇಳಿದು ಹೋದ ಮೇಲೂ ನರ್ತನ ನಿಲ್ಲುವುದಿಲ್ಲ, ಸಾವಿರ ಸಲ ನೋಡಿಸಿಕೊಂಡರೂ ಬಿಂಬಕ್ಕೆ ಲಜ್ಜೆಯಿಲ್ಲ. ದೇವಿಕಾ ರಾಣಿ ತಾತಗುಣಿಯಲ್ಲಿ ಮರಗಳ ನಡುವೆ ಮುಪ್ಪಾಗುತ್ತಿದ್ದಾಗಲೂ 1936ರ 'ಅಛೂತ್ ಕನ್ಯಾ' ಚಿತ್ರದ ಕಸ್ತೂರಿ ಅದೇ ವಯಸ್ಸಿನಲ್ಲಿ, ಅದೇ ಮರದ ಕೆಳಗೆ, ಅಶೋಕ್ ಕುಮಾರರ ಎದುರಿಗೆ ಅದೇ ದನಿಯಲ್ಲಿ ಹಾಡುತ್ತಲೇ ಇದ್ದಳು. ಆದ್ದರಿಂದ ಸಿನಿಮಾದ ಕಾಲದಲ್ಲಿ ಸಾಂಖ್ಯದ ಹೊಣೆ ಪಕ್ಕ ಬದಲಿಸುತ್ತದೆ: ಬಿಂಬವನ್ನು ಹಿಂತೆಗೆದುಕೊಳ್ಳುವುದು ನಟಿಯ ಕೈಯಲ್ಲಿಲ್ಲದ ಮೇಲೆ, ಬಿಂಬವನ್ನು ಬಿಂಬವೆಂದು ತಿಳಿದು ನಟಿಯನ್ನು ಬಿಡಬೇಕಾದವನು ಪ್ರೇಕ್ಷಕನೇ. ನಿಷ್ಕ್ರಿಯನೆನಿಸಿಕೊಂಡಿದ್ದ ಪುರುಷನ ಮೇಲೆಯೇ ನಿವೃತ್ತಿಯ ಕೆಲಸ ಬೀಳುತ್ತದೆ.

ಪ್ರೇಕ್ಷಕ ಅದನ್ನು ಸುಲಭವಾಗಿ ಮಾಡುವುದಿಲ್ಲವೆಂಬುದಕ್ಕೆ ಬಾರ್ದೋ ಅವರ ಬದುಕು ಸಾಕ್ಷಿ. 1934ರಲ್ಲಿ ಪ್ಯಾರಿಸಿನಲ್ಲಿ ಹುಟ್ಟಿ, ಬ್ಯಾಲೆ ಕಲಿತು, 1956ರಲ್ಲಿ ರೊಜೆ ವದೀಮ್ ನಿರ್ದೇಶಿಸಿದ ಚಿತ್ರವೊಂದರಿಂದ ಜಗತ್ತಿನ ಉದ್ದಗಲಕ್ಕೂ ಪರಿಚಿತರಾದ ಅವರ ಬಗ್ಗೆ ತತ್ವಜ್ಞಾನಿ ಸಿಮೋನ್ ದ ಬೊವ್ವಾರ್ 1959ರಲ್ಲಿ ಒಂದು ಪ್ರಬಂಧವನ್ನೇ ಬರೆದರು. ಸ್ವಂತ ನಾಡಿನವರಿಗೇ ಈ ನಟಿಯ ಮೇಲೆ ಅಷ್ಟು ಸಿಟ್ಟೇಕೆ ಎಂಬುದು ಅದರ ಮುಖ್ಯ ಪ್ರಶ್ನೆ. ತಮ್ಮ ಕಲ್ಪನೆಯ ಹೆಣ್ಣು ನಿಜವಾದ ಹೆಣ್ಣಿನ ಮುಖ ಹೊತ್ತು ಬಂದು, ನೋಡುವವರ ಕಣ್ಣಿಗೆ ತಗ್ಗದೆ ನಿಂತಾಗ ಅವರಿಗೆ ಕಸಿವಿಸಿಯಾಗುತ್ತದೆಂಬ ದಿಕ್ಕಿನಲ್ಲಿ ಬೊವ್ವಾರ್ ಉತ್ತರ ಹುಡುಕುತ್ತಾರೆ. ಮುಂದೆ ಫ್ರೆಂಚ್ ಗಣರಾಜ್ಯದ ಸಂಕೇತವಾದ ಮರಿಯಾನ್ ಎಂಬ ಸ್ತ್ರೀಮೂರ್ತಿಗೂ ಅವರ ಮುಖವನ್ನೇ ಮಾದರಿಯಾಗಿ ಕಡೆದರು. ಬದುಕಿದ್ದಾಗಲೇ ಮುಖವು ಸರ್ಕಾರಿ ಕಚೇರಿಗಳ ಸ್ವತ್ತಾಯಿತು. 1973ರಲ್ಲಿ, ಮೂವತ್ತೊಂಬತ್ತು ತುಂಬುವ ಹೊತ್ತಿಗೆ, ಬಾರ್ದೋ ನಟನೆಯನ್ನು ಬಿಟ್ಟರು. 1986ರಲ್ಲಿ ಪ್ರಾಣಿಗಳ ರಕ್ಷಣೆಗೆಂದು ಪ್ರತಿಷ್ಠಾನ ಸ್ಥಾಪಿಸಿ, ಅದಕ್ಕೆ ಹಣ ಕೂಡಿಸಲು ಮರುವರ್ಷ ತಮ್ಮ ಒಡವೆವಸ್ತುಗಳನ್ನು ಹರಾಜು ಹಾಕಿದರು.

ಇಲ್ಲಿಗೆ ಕಥೆ ಮುಗಿದಿದ್ದರೆ ಅದು ತ್ಯಾಗಪುರಾಣದಂತೆ ಓದಿಸಿಕೊಳ್ಳುತ್ತಿತ್ತು. ಆದರೆ ಮೂಕಪ್ರಾಣಿಗಳ ನೋವಿಗೆ ಅಷ್ಟು ಮರುಗಿದವರನ್ನೇ ಫ್ರೆಂಚ್ ನ್ಯಾಯಾಲಯಗಳು ಜನಾಂಗದ್ವೇಷಕ್ಕೆ ಪ್ರಚೋದನೆ ನೀಡಿದ ಮಾತುಗಳಿಗಾಗಿ ಹಲವು ಬಾರಿ ದಂಡಿಸಿದವು. ಒಡವೆ ಬಿಟ್ಟವರು ದ್ವೇಷ ಬಿಟ್ಟಿರಬೇಕೆಂದಿಲ್ಲ. ಭಗವದ್ಗೀತೆ ತನ್ನ ಕೊನೆಯ ಅಧ್ಯಾಯದಲ್ಲಿ ಸಂನ್ಯಾಸವನ್ನೂ ತ್ಯಾಗವನ್ನೂ ಬೇರೆ ಮಾಡಿ, ಕಾಮ್ಯಕರ್ಮಗಳನ್ನು ಬಿಡುವುದಕ್ಕಿಂತ ಕರ್ಮಫಲದ ಮೇಲಿನ ಹಕ್ಕುದಾರಿಕೆಯನ್ನು ಬಿಡುವುದನ್ನು ಎತ್ತಿ ಹಿಡಿಯುವುದರ ಔಚಿತ್ಯ ಇಂಥಲ್ಲಿ ತಿಳಿಯುತ್ತದೆ. ಹೊರಗಿನ ಕೆಲಸ ನಿಂತಿತೆಂಬುದು ಒಳಗಿನ ಕರ್ತೃತ್ವಾಭಿಮಾನ, ಎಂದರೆ 'ಮಾಡಿದವಳು ನಾನು' ಎಂಬ ಹಿಡಿತ, ಸಡಿಲವಾಯಿತೆಂಬುದಕ್ಕೆ ಪ್ರಮಾಣವಾಗುವುದಿಲ್ಲ; ಒಬ್ಬರ ಅಂತರಂಗದಲ್ಲಿ ಅದು ಸಡಿಲವಾಯಿತೆ ಎಂದು ಹೊರಗಿನವರು ತೀರ್ಪು ಕೊಡುವಂತೆಯೂ ಇಲ್ಲ. ಹೊರಗಿನವರಿಗೆ ಕಾಣುವುದು ಗಳಿಸಿದ್ದು ಎತ್ತ ಹರಿಯಿತು ಎಂಬುದೊಂದೇ.

ಸೋಲದೇವನಹಳ್ಳಿಯ ದಾಸೋಹ

ಗಳಿಸಿದ್ದು ಎತ್ತ ಹರಿಯಿತು ಎಂಬುದನ್ನೇ ಧರ್ಮದ ಮುಖ್ಯ ಪ್ರಶ್ನೆಯಾಗಿ ಮಾಡಿದವರು ಹನ್ನೆರಡನೆಯ ಶತಮಾನದ ಶರಣರು. ಶುದ್ಧ ಮನಸ್ಸಿನಿಂದ ಮಾಡುವ ದುಡಿಮೆಯೇ ಪೂಜೆಯೆಂಬ ನಿಲುವು ಕಾಯಕ. ಆ ದುಡಿಮೆಯ ಫಲವನ್ನು ತನ್ನ ಅಗತ್ಯಕ್ಕಿಂತ ಹೆಚ್ಚು ಇಟ್ಟುಕೊಳ್ಳದೆ, ಕೊಡುವವನೆಂಬ ಹಮ್ಮಿಲ್ಲದೆ ಸಮುದಾಯಕ್ಕೆ ಸಲ್ಲಿಸುವುದು ದಾಸೋಹ. ಗಂಡ ಆಯ್ದು ತಂದ ಅಕ್ಕಿ ದಿನದ ಪ್ರಮಾಣಕ್ಕಿಂತ ಹೆಚ್ಚಿದ್ದುದನ್ನು ಕಂಡು ಹಿಂದಕ್ಕೆ ಸುರಿದು ಬರಲು ಕಳಿಸಿದ ಆಯ್ದಕ್ಕಿ ಲಕ್ಕಮ್ಮನ ಪ್ರಸಂಗ ಈ ತತ್ವದ ಅಳತೆಗೋಲು. ಇಲ್ಲಿನ ವಿಚಾರಕ್ಕೆ ಇನ್ನೂ ಹತ್ತಿರದವನು ಬಹುರೂಪಿ ಚೌಡಯ್ಯ. ನಾನಾ ವೇಷಗಳನ್ನು ಕಟ್ಟಿ ಆಡುವುದು ಅವನ ಕಾಯಕ. ಸ್ಮೃತಿಕಾರರು ಯಾರ ಅನ್ನ ಉಣ್ಣಬೇಡಿರೆಂದರೋ, ಫ್ರೆಂಚ್ ಪಾದ್ರಿಗಳು ಯಾರಿಗೆ ಮಣ್ಣು ಕೊಡೆವೆಂದರೋ ಅಂಥ ವೃತ್ತಿಯವನೊಬ್ಬ ವಚನಕಾರನಾಗಿ ಶರಣರ ಸಾಲಿನಲ್ಲಿ ಕೂತ; ಕೂರುವುದಕ್ಕೆ ಮೊದಲು ವೇಷವನ್ನು ಬಿಟ್ಟು ಬಾ ಎಂದು ಅವನಿಗೆ ಯಾರೂ ಕರಾರು ಹಾಕಲಿಲ್ಲ. ವೇಷವನ್ನು ಬಿಡುವುದೇ ಮುಕ್ತಿಯೆಂದು ಸಾಂಖ್ಯ ಹೇಳಿದರೆ, ವೇಷ ಒಳಕ್ಕೆ ಇಳಿಯದಿದ್ದರೆ ಸಾಕೆಂದು ದಿದೆರೋ ಹೇಳಿದರೆ, ವೇಷದಿಂದ ಬಂದದ್ದನ್ನು ಹಂಚಿ ಉಣ್ಣುವವನಿಗೆ ವೇಷವೂ ಪೂಜೆಯೆಂಬುದು ಶರಣರಿಂದ ಸಿಗುವ ಮೂರನೆಯ ಉತ್ತರ.

ಲೀಲಾವತಿಯವರ ಕೊನೆಯ ದಶಕಗಳು ಈ ಮೂರನೆಯ ಉತ್ತರದ ಬೆಳಕಿನಲ್ಲಿ ಸ್ಪಷ್ಟವಾಗಿ ಕಾಣುತ್ತವೆ. ದಕ್ಷಿಣ ಕನ್ನಡದ ಬೆಳ್ತಂಗಡಿಯಲ್ಲಿ ಹುಟ್ಟಿ, ಎಳವೆಯಲ್ಲೇ ತಂದೆತಾಯಿಯನ್ನು ಕಳೆದುಕೊಂಡು, ವೃತ್ತಿನಾಟಕ ಕಂಪನಿಯಲ್ಲಿ ಪಳಗಿ, 1949ರ 'ನಾಗಕನ್ನಿಕೆ'ಯ ಸಣ್ಣ ಪಾತ್ರದಿಂದ ಬೆಳ್ಳಿತೆರೆಗೆ ಬಂದ ಅವರು 1960ರ 'ರಣಧೀರ ಕಂಠೀರವ'ದಂಥ ಚಿತ್ರಗಳಲ್ಲಿ ರಾಜ್‌ಕುಮಾರ್ ಅವರಿಗೆ ನಾಯಕಿಯಾಗಿ, ಆಮೇಲೆ ತಾಯಿಯಾಗಿ, ಅತ್ತೆಯಾಗಿ, ಆರುನೂರಕ್ಕೂ ಹೆಚ್ಚು ಚಿತ್ರಗಳಲ್ಲಿ ನಟಿಸಿದರೆಂದು ಲೆಕ್ಕ. ದೇವಿಕಾ ರಾಣಿಯವರಂತೆ ಒಂದು ದಿನ ಗೆರೆ ಎಳೆದು ಹೊರಬಂದವರಲ್ಲ. ನಾಯಕಿಯ ಸ್ಥಾನ ಹೋದ ಮೇಲೂ ಸಿಕ್ಕ ಪಾತ್ರವನ್ನು ದುಡಿಮೆಯೆಂದೇ ಮಾಡುತ್ತ ಬಂದವರು. ಸೋಲದೇವನಹಳ್ಳಿಯಲ್ಲಿ ಮಗನೊಂದಿಗೆ ಜಮೀನು ಹಸನು ಮಾಡಿ ಬೆಳೆ ತೆಗೆದರು. ಸುತ್ತಲ ಹಳ್ಳಿಯವರಿಗಾಗಿ ಆಸ್ಪತ್ರೆಯ ಕಟ್ಟಡವನ್ನು ಸ್ವಂತ ಹಣದಿಂದ ಕಟ್ಟಿಸಿಕೊಟ್ಟರು. ಆಮೇಲೆ ದನಕರುಗಳಿಗಾಗಿ ಪಶು ಆಸ್ಪತ್ರೆಯನ್ನೂ ಕಟ್ಟಿಸಿದರು, 2023ರ ನವೆಂಬರಿನಲ್ಲಿ ಅದು ಉದ್ಘಾಟನೆಯಾದ ಕೆಲವೇ ದಿನಗಳಲ್ಲಿ, ಡಿಸೆಂಬರ್ 8ರಂದು, ತೀರಿಕೊಂಡರು. ಅಂತ್ಯಕ್ರಿಯೆ ನಡೆದದ್ದು ಅದೇ ತೋಟದಲ್ಲಿ, ಸರ್ಕಾರಿ ಗೌರವಗಳೊಂದಿಗೆ. ಲೆಕುವ್ರರ್ ಅವರಿಗೆ ಚರ್ಚು ನಿರಾಕರಿಸಿದ್ದನ್ನು ಲೀಲಾವತಿಯವರಿಗೆ ರಾಜ್ಯವೇ ತಾನಾಗಿ ಸಲ್ಲಿಸಿತು.

ಬಾರ್ದೋ ಅವರಂತೆ ಇವರೂ ಪ್ರಾಣಿಗಳಿಗಾಗಿ ಖರ್ಚು ಮಾಡಿದರೆಂಬ ಹೋಲಿಕೆ ಮೇಲ್ನೋಟದ್ದು. ಒಂದು ಪ್ರಾಣಿಯ ಹಕ್ಕಿನ ಚಳವಳಿ, ಮತ್ತೊಂದು ಹಸುವಿಗೆ ಬಾವು ಬಂದರೆ ಹಿಡಿದುಕೊಂಡು ಎಷ್ಟು ದೂರ ನಡೆಯಬೇಕೆಂಬುದನ್ನು ಬಲ್ಲ ರೈತಾಪಿ ವಿವೇಕ; ಒಂದರಲ್ಲಿ ಮನುಷ್ಯರ ಮೇಲಿನ ಬೇಸರವೂ ಬೆರೆತಿತ್ತು, ಮತ್ತೊಂದರಲ್ಲಿ ಮನುಷ್ಯರ ಆಸ್ಪತ್ರೆ ಮೊದಲು ಎದ್ದು ದನದ ಆಸ್ಪತ್ರೆ ಆಮೇಲೆ ಎದ್ದಿತು.

ಅಧಿಕಾರದ ಪ್ರಶ್ನೆ

ವೇದಾಂತವು ಯಾವುದೇ ವಿದ್ಯೆಯನ್ನು ಹೇಳುವ ಮುನ್ನ ಅಧಿಕಾರಿ ಯಾರೆಂದು, ಎಂದರೆ ಅದಕ್ಕೆ ಅರ್ಹತೆಯುಳ್ಳವನು ಯಾರೆಂದು ಕೇಳುತ್ತದೆ. ನಿವೃತ್ತಿಯ ವಿಚಾರದಲ್ಲೂ ಆ ಪ್ರಶ್ನೆಯನ್ನು ಕೇಳದೆ ಬಿಡುವಂತಿಲ್ಲ. 'ಅಛೂತ್ ಕನ್ಯಾ'ದಲ್ಲಿ ದೇವಿಕಾ ರಾಣಿ ಆಡಿದ್ದು ರೈಲ್ವೆ ಗೇಟಿನ ಕಾವಲುಗಾರನ ಮಗಳಾದ ಅಸ್ಪೃಶ್ಯ ಹುಡುಗಿಯ ಪಾತ್ರ. ಬ್ರಾಹ್ಮಣ ಹುಡುಗನ ಮೇಲಿನ ಅವಳ ಪ್ರೀತಿ ಊರಿಗೆ ಸಹ್ಯವಾಗದೆ, ಕೊನೆಗೆ ಅವಳು ರೈಲಿಗೆ ಸಿಕ್ಕಿ ಸಾಯುತ್ತಾಳೆ. ಎಂ. ಕೆ. ಇಂದಿರಾ ಅವರ ಕಾದಂಬರಿಯನ್ನು ಆಧರಿಸಿ ಪುಟ್ಟಣ್ಣ ಕಣಗಾಲ್ ನಿರ್ದೇಶಿಸಿದ 'ಗೆಜ್ಜೆಪೂಜೆ'ಯಲ್ಲಿ ಲೀಲಾವತಿಯವರದು, ಕಲ್ಪನಾ ಅವರು ಮಾಡಿದ ನಾಯಕಿಯ ತಾಯಿಯ ಪಾತ್ರ. ವೇಶ್ಯಾಕುಲದಲ್ಲಿ ಹುಟ್ಟಿದ ಮಗಳನ್ನು ಅದೇ ಬದುಕಿಗೆ ಒಪ್ಪಿಸುವ ವಿಧಿಯೇ ಆ ಹೆಸರಿನ ಅರ್ಥ. ಎರಡೂ ಚಿತ್ರಗಳ ವಸ್ತು ಒಂದೇ: ಹುಟ್ಟಿನಿಂದ ಮೈಗಂಟಿದ ಪಾತ್ರವನ್ನು ಕಳಚಲು ಬಿಡದ ಸಮಾಜ. ನಟಿಯರು ಸಂಜೆ ಬಣ್ಣ ತೊಳೆದು ಮನೆಗೆ ಹೋದರು. ಅವರು ಯಾರನ್ನು ಆಡಿ ತೋರಿಸಿದರೋ ಅವರಿಗೆ ಹೋಗಲು ಬೇರೆ ಮನೆಯಿರಲಿಲ್ಲ. ನಾಮರೂಪಗಳೆಲ್ಲ ವೇಷವೆಂಬ ತತ್ವವು ಎಲ್ಲರಿಗೂ ಒಂದೇ ಸಮನಾಗಿ ಸತ್ಯವಿರಬಹುದು, ವೇಷ ಕಳಚುವ ಅವಕಾಶ ಮಾತ್ರ ಒಂದೇ ಸಮನಾಗಿ ಹಂಚಿಕೆಯಾಗಿಲ್ಲ.

ಹೊರ ಬೆಂಗಳೂರಿನ ದುಡಿಮೆಯ ವಲಯಗಳಲ್ಲಿ ಈ ಅಸಮಾನತೆ ದಿನನಿತ್ಯದ ಅನುಭವ. ಜ್ಯಾಂ ಪಾಲ್ ಸಾರ್ತ್ರ 1943ರ ತನ್ನ ಮುಖ್ಯ ಗ್ರಂಥದಲ್ಲಿ ಕೆಫೆಯ ಮಾಣಿಯೊಬ್ಬನನ್ನು ವರ್ಣಿಸುತ್ತಾನೆ. ಅತಿ ಚುರುಕಿನ ನಡಿಗೆ, ಅತಿ ವಿನಯದ ಬಾಗು ಎಲ್ಲದರಿಂದ ಅವನು ಮಾಣಿಯೆಂಬ ಪಾತ್ರವನ್ನು ಆಡುತ್ತಿದ್ದಾನೆ, ತಾನು ಅದಷ್ಟೇ ಎಂದು ನಂಬಿಕೊಳ್ಳಲು ಹೊರಟರೆ ಅದು ಆತ್ಮವಂಚನೆ ಎಂಬುದು ಅವನ ವಾದ. ಅಮೆರಿಕದ ಸಮಾಜಶಾಸ್ತ್ರಜ್ಞೆ ಆರ್ಲಿ ಹಾಕ್‌ಶೀಲ್ಡ್ 1983ರಲ್ಲಿ ಗಗನಸಖಿಯರ ಕೆಲಸವನ್ನು ಅಧ್ಯಯನ ಮಾಡಿ, ನಗುವನ್ನೂ ಸಹನೆಯನ್ನೂ ಸಂಬಳಕ್ಕೆ ಮಾರುವ ಈ ದುಡಿಮೆಗೆ ಭಾವಶ್ರಮವೆಂಬ ಹೆಸರು ಕೊಟ್ಟರು. ವೈಟ್‌ಫೀಲ್ಡ್, ಎಲೆಕ್ಟ್ರಾನಿಕ್ ಸಿಟಿಗಳ ಕಾಲ್ ಸೆಂಟರುಗಳಲ್ಲಿ ಈ ಶತಮಾನದ ಮೊದಲ ವರ್ಷಗಳಿಂದ ನಡೆದದ್ದು ಇದರ ಪರಾಕಾಷ್ಠೆ. ರಾತ್ರಿ ಪಾಳಿಗೆ ಕ್ಯಾಬ್ ಹತ್ತಿ ಬಂದ ಚಿಕ್ಕಮಗಳೂರಿನದೋ ಚಿಂತಾಮಣಿಯದೋ ಹುಡುಗಿಯೊಬ್ಬಳು ಹೆಡ್‌ಫೋನ್ ಏರಿಸಿಕೊಂಡ ಕ್ಷಣದಿಂದ ಬೇರೆ ಹೆಸರಿನವಳಾಗುತ್ತಿದ್ದಳು, ತರಬೇತಿಯಲ್ಲಿ ಉಜ್ಜಿಕೊಂಡ ಉಚ್ಚಾರಣೆಯಲ್ಲಿ ಮಾತಾಡುತ್ತಿದ್ದಳು, ಎದುರಿನ ಪರದೆಯ ಮೇಲೆ ಮುಂದಿನ ಸಂಭಾಷಣೆ ಬರೆದಿರುತ್ತಿತ್ತು, ಪ್ರತಿ ಕರೆಗೆ ಹಿಡಿದ ಸಮಯ ಸೆಕೆಂಡಿನ ಲೆಕ್ಕದಲ್ಲಿ ದಾಖಲಾಗುತ್ತಿತ್ತು, ಬೈದ ಗಿರಾಕಿಗೂ ಅದೇ ದನಿಯಲ್ಲಿ ಕೃತಜ್ಞತೆ ಹೇಳಿಯೇ ಕರೆ ಮುಗಿಸಬೇಕಿತ್ತು. ದಿದೆರೋ ಬಯಸಿದ ತಣ್ಣನೆಯ ಒಳಗು ಅವಳಿಗೆ ಸಿದ್ಧಿಸಿತ್ತು. ಆದರೆ ಅದು ಕಲೆಯ ಸಂಯಮವಾಗಿರದೆ ಕೆಲಸ ಉಳಿಸಿಕೊಳ್ಳುವ ಉಪಾಯವಾಗಿತ್ತು. ಪೀಣ್ಯದ ಗಾರ್ಮೆಂಟ್ ಕಾರ್ಖಾನೆಗಳ ಹೊಲಿಗೆ ಸಾಲಿನಲ್ಲಿ ಕೂತ ಹೆಣ್ಣುಮಕ್ಕಳಿಗೆ ಈ ನಟನೆಯೂ ಬೇಕಿಲ್ಲ. ಗಂಟೆಗಿಷ್ಟು ಕಾಲರು, ಗಂಟೆಗಿಷ್ಟು ತೋಳೆಂಬ ಗುರಿಯ ಮುಂದೆ ಮುಖಭಾವವನ್ನು ಯಾರೂ ಕೇಳುವುದಿಲ್ಲ.

ಇವರ ಮುಂದೆ ನಿಂತು ನಿವೃತ್ತಿಯನ್ನು ಬೋಧಿಸುವುದು ಕ್ರೌರ್ಯವಾದೀತು, ಏಕೆಂದರೆ ಮೂವತ್ತೇಳರಲ್ಲೋ ಮೂವತ್ತೊಂಬತ್ತರಲ್ಲೋ ಕೆಲಸ ಬಿಟ್ಟವರಿಗೆ ತಾತಗುಣಿಯಂಥ ತೋಟವಾಗಲಿ ಹರಾಜಿಗೆ ಇಡಬಹುದಾದ ಒಡವೆಯಾಗಲಿ ಇಲ್ಲಿ ಕಾದಿರುವುದಿಲ್ಲ. ಕಾಯಕವನ್ನು ಬೋಧಿಸುವುದೂ ಅಷ್ಟೇ ಎಚ್ಚರ ಬೇಡುವ ಮಾತು. ದುಡಿಮೆಯನ್ನು ಕೈಲಾಸಕ್ಕೆ ಸಮನಾಗಿಸುವ ಶರಣರ ಮಾತನ್ನು ಫಲಕವಾಗಿ ಬರೆಸಿ ಗೋಡೆಗೆ ತೂಗುಹಾಕುವ ಮಾಲೀಕರಿಗೆ ಅದರ ಜೊತೆಗಾರನಾದ ದಾಸೋಹ ನೆನಪಾಗುವುದು ಅಪರೂಪ. ಲಕ್ಕಮ್ಮ ಹಿಂದಕ್ಕೆ ಸುರಿಸಿದ್ದು ಹೆಚ್ಚುವರಿ ಅಕ್ಕಿಯನ್ನು, ಹೆಚ್ಚುವರಿ ದುಡಿಮೆಯನ್ನು ಆಕೆ ಯಾರಿಂದಲೂ ಕೇಳಿದವಳಲ್ಲ. ಕಾಯಕ ಕಾಯಕವಾಗುವುದು ಅದನ್ನು ಹಿಡಿಯುವ ಮತ್ತು ಬಿಡುವ ಸ್ವಾತಂತ್ರ್ಯ ಮಾಡುವವರಿಗೆ ಇದ್ದಾಗ. ಬಿಡಲಾಗದ ಕಾಯಕಕ್ಕೆ ಮೊದಲಿನಿಂದಲೂ ಬಿಟ್ಟಿಯೆಂದೇ ಹೆಸರು.

ಮೂವರು ನಟಿಯರ ಬದುಕುಗಳನ್ನು ಒಟ್ಟಿಗೆ ಇಟ್ಟು ನೋಡಿದಾಗ ಆರಂಭದ ಪ್ರಶ್ನೆಗೆ ಬರುವ ಉತ್ತರ ಎರಡು ಭಾಗದ್ದು. ಚಿತ್ರನಟಿಗೆ ಬಿಂಬದಿಂದ ನಿವೃತ್ತಿಯಿಲ್ಲ, ಅದು ಪ್ರೇಕ್ಷಕರ ಕೈಗೆ ಹೋಗಿಬಿಟ್ಟಿದೆ. ಫಲದಿಂದ ನಿವೃತ್ತಿಯುಂಟು, ಅದು ಆಕೆ ಗಳಿಕೆಯನ್ನು ಯಾವ ಊರಿನ ಯಾವ ಅಗತ್ಯಕ್ಕೆ ಹರಿಸಿದಳೆಂಬುದರಲ್ಲಿ ಕಾಣುತ್ತದೆ. ಈ ಅಳತೆಯಲ್ಲಿ ನೆಲಮಂಗಲದ ಹಳ್ಳಿಯೊಂದರ ಆಸ್ಪತ್ರೆಯ ಕಟ್ಟಡ, ಅದನ್ನು ಕಟ್ಟಿಸಿದವರು ಶಾಸ್ತ್ರದ ಭಾಷೆಯಲ್ಲಿ ಏನನ್ನೂ ಹೇಳದಿದ್ದರೂ, ತ್ಯಾಗದ ಅರ್ಥವನ್ನು ಹೆಚ್ಚು ನೇರವಾಗಿ ತಿಳಿಸುತ್ತದೆ. ಎರಡನೆಯ ಭಾಗ ನಟಿಯರನ್ನು ದಾಟಿದ್ದು. ವೇಷ ಕಳಚುವುದು ಮುಕ್ತಿಯ ಮೆಟ್ಟಿಲೆಂದು ನಂಬುವ ಯಾವ ದರ್ಶನವಾದರೂ ಕಳಚಲಾಗದವರ ಲೆಕ್ಕವನ್ನು ತನ್ನ ಪುಸ್ತಕದಲ್ಲೇ ಬರೆದುಕೊಳ್ಳಬೇಕು. ಕೆಲಸ ಬಿಟ್ಟರೆ ಹಸಿವು, ಜಾತಿ ಬಿಟ್ಟರೆ ಬಹಿಷ್ಕಾರ ಎಂಬ ಸ್ಥಿತಿಯಿರುವವರೆಗೆ ನಿವೃತ್ತಿ ಕೆಲವರ ಸೌಲಭ್ಯವಾಗಿ ಉಳಿಯುತ್ತದೆ, ಧರ್ಮವಾಗುವುದಿಲ್ಲ. ನ್ಯಾಯವಾದ ಕೂಲಿ, ಮುಪ್ಪಿಗೆ ಪಿಂಚಣಿ, ಪಾಳಿಗೊಂದು ಮಿತಿ, ಬೇಡವಾದ ಕೆಲಸಕ್ಕೆ ರಾಜೀನಾಮೆ ಕೊಟ್ಟು ಬದುಕಬಲ್ಲೆನೆಂಬ ಧೈರ್ಯ ಇವುಗಳನ್ನು ಕಾರ್ಮಿಕ ಕಾನೂನಿನ ವಿಷಯವೆಂದು ತತ್ವಶಾಸ್ತ್ರ ಪಕ್ಕಕ್ಕೆ ಸರಿಸಿದರೆ, ಅದು ಮತ್ತೆ ನಟನೆಯನ್ನು ಉಪಮೆಯಾಗಿ ಗೌರವಿಸಿ ನಟನನ್ನು ಹೊರಗೆ ನಿಲ್ಲಿಸಿದ ಹಳೆಯ ತಪ್ಪನ್ನೇ ಮಾಡಿದಂತಾಗುತ್ತದೆ.